ಮಾಂಟ್ರಿಯಲ್‌ಗೆ ಹೊರಟಿರುವ ನಟಿಗೆ

ತಂಗಿ, ಮೈಸೂರಿನಲ್ಲಿ ಇಷ್ಟು ವರ್ಷ ನಾಟಕ ಮಾಡಿದವರು, ಯಜಮಾನರ ಕೆಲಸಕ್ಕಾಗಿ ಇಲ್ಲಿಗೆ ಬರ್ತಿದ್ದೀರಿ. ಚಳಿ, ಮನೆ, ಮಗನ ಶಾಲೆ ಬಗ್ಗೆ ಕೇಳಿದ್ದೀರಿ. ನಲವತ್ತು ದಾಟಿದ ಮೇಲೆ ಇಲ್ಲಿ ಅಭಿನಯಕ್ಕೆ ಅವಕಾಶ ಉಂಟಾ, ಇಂಗ್ಲಿಷ್ ಸಾಲದಾ ಅಂತಲೂ ಕೇಳಿದ್ದೀರಿ.

ಕೋಟು, ಬೂಟು ಇಲ್ಲಿಗೆ ಬಂದೇ ಕೊಳ್ಳಿ. ಬಾಡಿಗೆ ಕರಾರುಗಳು ಹೆಚ್ಚಾಗಿ ಜುಲೈ 1ಕ್ಕೆ ಶುರುವಾಗುತ್ತವೆ, ಮೊದಲೇ ಹುಡುಕಿಟ್ಟುಕೊಳ್ಳಿ. ಬೇಳೆ, ಕರಿಬೇವು ಪಾರ್ಕ್ ಎಕ್ಸ್‌ಟೆನ್ಷನ್ ಬಡಾವಣೆಯಲ್ಲಿ ಸಿಗುತ್ತವೆ. ಇನ್ನುಳಿದದ್ದು ತಾನಾಗೇ ಗೊತ್ತಾಗುತ್ತದೆ.

ಭಾಷೆಯ ಮಾತು ಮಾತ್ರ ವಿವರವಾಗಿ ಹೇಳಬೇಕು. ಇದು ಕೆನಡಾದಲ್ಲಿ ಫ್ರೆಂಚ್ ಆಡುವ ಕ್ವಿಬೆಕ್ ಪ್ರಾಂತ್ಯ, ಇಂಗ್ಲಿಷ್ ಒಂದೇ ಸಾಲದು. ನಾನು ಬೆಂಗಳೂರಿನಲ್ಲಿ ಫ್ರೆಂಚ್ ಕಲಿತು, ಪರೀಕ್ಷೆ ಪಾಸು ಮಾಡಿಯೇ ಬಂದವಳು. ಬಂದ ಮೊದಲ ಚಳಿಗಾಲ ಕೆಳಮನೆಯ ಅಜ್ಜಿ ಬೆರಿ ಮೆಟ್ರೋ ಹತ್ತಿರದ, ಹಳೆಯ ಚಿತ್ರಗಳನ್ನು ಕಾಪಿಟ್ಟು ತೋರಿಸುವ ಸಿನೆಮಾತೆಕ್‌ಗೆ ಕರೆದುಕೊಂಡು ಹೋದರು. ಚಿತ್ರ ‘ಜೆ. ಎ. ಮಾರ್ತಾಂ ಫೋಟೋಗ್ರಾಫ್’, ನಾಯಕಿ ಮೋನಿಕ್ ಮರ್ಕ್ಯೂರ್. ಹತ್ತೊಂಬತ್ತನೇ ಶತಮಾನದ ಕೊನೆಯ ಕ್ವಿಬೆಕ್ ಹಳ್ಳಿಗಾಡು. ಪ್ರತಿ ವರ್ಷ ಕುದುರೆಗಾಡಿ ಕಟ್ಟಿಕೊಂಡು ಊರೂರು ಸುತ್ತಿ ಫೋಟೋ ತೆಗೆಯುವ ಗಂಡ. ಈ ಸಲ ನಾನೂ ಬರ್ತೀನಿ ಅಂತ ಮಕ್ಕಳನ್ನು ಬಿಟ್ಟು ಗಾಡಿ ಹತ್ತುವ ಹೆಂಡತಿ. ಅವರಾಡುವ ಫ್ರೆಂಚ್ ನನಗೆ ಅರ್ಧಕ್ಕರ್ಧ ತಿಳಿಯಲಿಲ್ಲ. ಆದರೆ ಗಾಡಿಯಲ್ಲಿ ಗಂಡನ ಪಕ್ಕ ಸುಮ್ಮನೆ ಕೂತ ಆಕೆಯ ಮುಖದಲ್ಲಿ ಇಷ್ಟು ವರ್ಷದ ಸಂಸಾರವೇ ಕಾಣುತ್ತಿತ್ತು. ಅಜ್ಜಿ ಕಣ್ಣೊರೆಸಿಕೊಂಡರು, ನಾನೂ ಒರೆಸಿಕೊಂಡೆ.

ಆ ಪಾತ್ರಕ್ಕೆ 1977ರಲ್ಲಿ ಫ್ರಾನ್ಸಿನ ಕಾನ್ ಚಿತ್ರೋತ್ಸವದಲ್ಲಿ ಶ್ರೇಷ್ಠ ನಟಿ ಪ್ರಶಸ್ತಿ ಬಂತು, ಅಮೆರಿಕದ ಶೆಲ್ಲಿ ಡುವಾಲ್ ಜೊತೆ ಹಂಚಿಕೆಯಾಗಿ. ಆಗ ಮರ್ಕ್ಯೂರ್‌ಗೆ 46. ಮೊದಲು ಸೆಲ್ಲೋ ಕಲಿತು, ಚಿಕ್ಕ ವಯಸ್ಸಿಗೇ ಸಂಗೀತ ಸಂಯೋಜಕರೊಬ್ಬರನ್ನು ಮದುವೆಯಾಗಿ, ಮಕ್ಕಳಾದ ಮೇಲೆ ರಂಗದಲ್ಲಿ ಬೆಳೆದ ಹೆಂಗಸು ಅವರು. ವಯಸ್ಸಿನ ಚಿಂತೆ ಬಿಡಿ ಅಂತ ಇದಕ್ಕೇ ಹೇಳೋದು. (ಮರ್ಕ್ಯೂರ್ ಅನ್ನುವುದು ಗಂಡನ ಮನೆಹೆಸರು. 1981ರಿಂದ ಇಲ್ಲಿ ಮದುವೆಯಾದವರು ಹುಟ್ಟುಹೆಸರನ್ನೇ ಉಳಿಸಿಕೊಳ್ಳಬೇಕು. ನಿಮ್ಮ ಕಾಗದಪತ್ರಗಳಲ್ಲೆಲ್ಲ ಒಂದೇ ಹೆಸರಿದೆಯಾ ನೋಡಿಕೊಳ್ಳಿ.)

ಅದೇ 1977ರ ಆಗಸ್ಟ್‌ನಲ್ಲಿ ಇಲ್ಲಿನ ಭಾಷಾ ಮಸೂದೆ, 101ನೇ ಮಸೂದೆ, ಕಾನೂನಾಗಿ ಕಚೇರಿ, ಅಂಗಡಿ ಬೋರ್ಡು, ಶಾಲೆ ಎಲ್ಲ ಕಡೆ ಫ್ರೆಂಚ್ ಬಂತು. ವಲಸೆ ಬಂದವರ ಮಕ್ಕಳಿಗೆ, ಕೆಲವು ವಿನಾಯಿತಿ ಬಿಟ್ಟರೆ, ಫ್ರೆಂಚ್ ಶಾಲೆಯೇ. ಗೋಕಾಕ್ ಚಳವಳಿಯಲ್ಲಿ ಅಣ್ಣಾವ್ರು ಬೀದಿಗಿಳಿದದ್ದನ್ನು ಹಿರಿಯರ ಬಾಯಲ್ಲಿ ಕೇಳಿ ಬೆಳೆದವರಿಗೆ ಈ ಜನರ ಸಂಕಟ ಬಿಡಿಸಿ ಹೇಳಬೇಕಿಲ್ಲ. ಮಗನ ವಿಷಯಕ್ಕೆ ಹೆದರಬೇಡಿ, ಮಕ್ಕಳು ಬೇಗ ಹಿಡೀತಾರೆ.

ಕಷ್ಟ ನಮ್ಮಂಥವರದು. ನಾನೂ ಶಿವಮೊಗ್ಗದಲ್ಲಿ ಬಣ್ಣ ಹಚ್ಚಿದವಳೇ. ಇಲ್ಲಿನ ತಂಡವೊಂದಕ್ಕೆ ಸಣ್ಣ ಪಾತ್ರ ಕೇಳಿಕೊಂಡು ಹೋಗಿದ್ದೆ. ಪೂರ್ತಿ ಕೇಳಿಸಿಕೊಂಡು, ‘ನಿಮ್ಮ ಫ್ರೆಂಚ್ ಚೆನ್ನಾಗಿದೆ, ಆದರೆ ಈ ಊರಿನದಲ್ಲ’ ಅಂದರು. ಆ ಮಾತು ಈಗಲೂ ನೋಯುತ್ತದೆ. ಧಾರವಾಡದ ಗೌಡ್ತಿಯ ಪಾತ್ರಕ್ಕೆ ಪಠ್ಯಪುಸ್ತಕದ ಕನ್ನಡ ಆಡುವವಳನ್ನು ನೀವಾದರೂ ಹಾಕಿಕೊಳ್ಳುತ್ತಿದ್ದಿರಾ? ಹಾಗಾಗಿ ತರಗತಿಯ ಜೊತೆಗೆ ನೆರೆಹೊರೆ, ಮಾರುಕಟ್ಟೆ, ಬಸ್ಸು, ಎಲ್ಲಿ ಸಿಕ್ಕಿದರೂ ಅವರ ಮಾತು ಕಿವಿಗೆ ಹಾಕಿಕೊಳ್ಳಿ. ನಮ್ಮವರ ಮನೆಗಳಲ್ಲೇ ವಾರಾಂತ್ಯ ಕಳೆದರೆ ಇದು ಬರುವುದಿಲ್ಲ.

ಸಿನಿಮಾವನ್ನೇ ನಂಬಿ ಬರಬೇಡಿ. ಸುಮಾರು 90 ಲಕ್ಷ ಜನರ ನಾಡು, ಚಿತ್ರರಂಗ ಚಿಕ್ಕದು. 2003ರಲ್ಲಿ ಕಾನ್‌ನಲ್ಲಿ ಅದೇ ಪ್ರಶಸ್ತಿ ಗೆದ್ದ ಇಲ್ಲಿನ ನಟಿ ಮರಿ-ಜೋಸೆ ಕ್ರೋಜ್ ಫ್ರಾನ್ಸಿನಲ್ಲೇ ನೆಲೆಸಿದರು. ಮರ್ಕ್ಯೂರ್ ಇಲ್ಲೇ ಉಳಿದು ನಾಟಕ, ಟಿವಿ, ಸಿನಿಮಾ ಮೂರನ್ನೂ ಮಾಡಿದರು. ತೊಂಬತ್ತರ ದಶಕದಲ್ಲಿ ಕೆನಡಾದ ರಾಷ್ಟ್ರೀಯ ನಾಟಕ ಶಾಲೆಯ ಮುಖ್ಯಸ್ಥೆಯೂ ಆಗಿದ್ದರು. ಸೇಂಟ್ ಡೆನಿ ಬೀದಿಯ ಆ ಶಾಲೆಯಲ್ಲಿ ಫ್ರೆಂಚ್, ಇಂಗ್ಲಿಷ್ ಎರಡೂ ವಿಭಾಗಗಳಿವೆ, ವಿದ್ಯಾರ್ಥಿಗಳ ಪ್ರದರ್ಶನಗಳನ್ನು ತಪ್ಪಿಸಬೇಡಿ. 2020ರ ಮೇನಲ್ಲಿ, ಕೊರೊನಾದಿಂದ ರಂಗಮಂದಿರಗಳೆಲ್ಲ ಮುಚ್ಚಿದ್ದಾಗ ಮರ್ಕ್ಯೂರ್ ತೀರಿಕೊಂಡರು. ರಂಗದ ಮೇಲೆ ಒಮ್ಮೆಯೂ ನೋಡಲಾಗಲಿಲ್ಲವಲ್ಲ ಅನ್ನುವ ಕೊರಗು ನನಗಿದೆ.

ಬಂದ ವಾರವೇ ಸಿನೆಮಾತೆಕ್ ಪಕ್ಕದ ದೊಡ್ಡ ಗ್ರಂಥಾಲಯದಲ್ಲಿ ಕಾರ್ಡು ಮಾಡಿಸಿ, ದುಡ್ಡಿಲ್ಲ, ವಿಳಾಸದ ಪುರಾವೆ ಬೇಕು. ನಾನೇ ಜೊತೆಗೆ ಬರ್ತೀನಿ.