ಕೋರ್ಟಿಗೆ ಮುಚ್ಚಳಿಕೆ ಬರೆದುಕೊಟ್ಟು ಮಳಿಗೆ ಬಿಡದಿದ್ದರೆ?

ಪ್ರಶ್ನೆ: ಮಳಿಗೆ ಖಾಲಿ ಮಾಡಿಸುವ ಕೇಸು ಗೆದ್ದಿದ್ದೇವೆ. ಬಾಡಿಗೆದಾರರು ಹೈಕೋರ್ಟಿಗೆ ಹೋಗಿ, ಒಂದು ವರ್ಷದಲ್ಲಿ ಬಿಟ್ಟುಕೊಡುತ್ತೇನೆ ಎಂದು ಹೇಳಿ ಕಾಲಾವಕಾಶ ಪಡೆದರು. ಗಡುವು ಮುಗಿದು ನಾಲ್ಕು ತಿಂಗಳಾಯಿತು. ಕೇಳಿದರೆ ಬೇರೆ ಜಾಗ ಸಿಕ್ಕಿಲ್ಲ ಅಂತಾರೆ. ಬಾಡಿಗೆಯನ್ನು ಮಾತ್ರ ತಪ್ಪದೆ ಖಾತೆಗೆ ಹಾಕುತ್ತಿದ್ದಾರೆ. ನ್ಯಾಯಾಂಗ ನಿಂದನೆ ಕೇಸು ಹಾಕಬಹುದೇ? ಜೈಲಾಗುತ್ತಾ?

ಉತ್ತರ: ಹಾಕಬಹುದು. ಆದರೆ ಮೊದಲು ಹೈಕೋರ್ಟ್ ಆದೇಶದ ದೃಢೀಕೃತ ನಕಲು ತೆಗೆಸಿ, ಅವರು ಮಾತು ಕೊಟ್ಟಿದ್ದು ಯಾರಿಗೆ ಎಂದು ನೋಡಿ. ನಿಮಗಾ, ಕೋರ್ಟಿಗಾ? ಇಡೀ ಕೇಸು ನಿಲ್ಲುವುದು ಇದರ ಮೇಲೆ.

1971ರ ನ್ಯಾಯಾಂಗ ನಿಂದನೆ ಕಾಯ್ದೆಯ ಕಲಂ 2(ಬಿ) ಪ್ರಕಾರ, ಕೋರ್ಟಿಗೆ ಕೊಟ್ಟ ಮುಚ್ಚಳಿಕೆಯನ್ನು ಬೇಕೆಂದೇ ಮುರಿದರೆ ಅದು ಸಿವಿಲ್ ನಿಂದನೆ. ಸಾಮಾನ್ಯವಾಗಿ ಇಂಥ ಕೇಸುಗಳಲ್ಲಿ ಬಾಡಿಗೆದಾರರಿಂದ ಅಫಿಡವಿಟ್ ಬರೆಸಿಕೊಳ್ಳುತ್ತಾರೆ: ಇಂಥ ದಿನದೊಳಗೆ ಖಾಲಿ ಮಾಡುತ್ತೇನೆ, ಬಾಕಿ ಕಟ್ಟುತ್ತೇನೆ, ಬೇರೆಯವರನ್ನು ಒಳಗೆ ಬಿಡುವುದಿಲ್ಲ ಅಂತ. ಅದು ಕಡತದಲ್ಲಿದ್ದು, ಆದೇಶದಲ್ಲೂ ಅದರ ಮಾತು ಬಂದಿದ್ದರೆ ನಿಮ್ಮ ಕೇಸು ಗಟ್ಟಿ. ಬರೀ ಒಪ್ಪಿಗೆಯ ಮೇಲೆ ಆದೇಶವಾಗಿದ್ದರೆ ಸಾಲದು. 1979ರ ಬಾಬುರಾಮ್ ಗುಪ್ತಾ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್, ಕಡತದಲ್ಲಿ ಸ್ಪಷ್ಟ ಮುಚ್ಚಳಿಕೆ ಇಲ್ಲ ಎಂಬ ಕಾರಣಕ್ಕೇ ನಿಂದನೆಯ ಆರೋಪವನ್ನು ಒಪ್ಪಲಿಲ್ಲ.

'ಬೇಕೆಂದೇ' ಎಂಬುದನ್ನು ನೀವೇ ತೋರಿಸಬೇಕು. ಆಸ್ಪತ್ರೆಯಲ್ಲಿ ಮಲಗಿದ್ದವರು ಗಡುವು ತಪ್ಪಿದರೆ ಕೋರ್ಟ್ ಅರ್ಥ ಮಾಡಿಕೊಳ್ಳುತ್ತದೆ. ಆದರೆ ಜಾಗ ಸಿಗದಿದ್ದವರು ಗಡುವಿಗೆ ಮುಂಚೆಯೇ ಬಂದು ಇನ್ನಷ್ಟು ಸಮಯ ಕೇಳಬೇಕಿತ್ತು, ಅಲ್ವಾ? ಹಾಗೆ ಅರ್ಜಿ ಹಾಕದೆ ಸುಮ್ನೆ ಕೂತಿದ್ದು ಅವರಿಗೇ ಮುಳುವಾಗಬಹುದು. ಹಾಗಾಗಿ ವಕೀಲರ ಮೂಲಕ ಒಂದು ನೋಟಿಸ್ ಕೊಡಿ. ಅದಕ್ಕೂ ಜಗ್ಗದಿದ್ದರೆ, ಆ ನೋಟಿಸೇ ನಿಮಗೆ ಸಾಕ್ಷಿ.

ಜೈಲಿನ ಬಗ್ಗೆ ಜಾಸ್ತಿ ಆಸೆ ಇಟ್ಟುಕೊಳ್ಳಬೇಡಿ. ಕಲಂ 12ರಲ್ಲಿ ಗರಿಷ್ಠ ಆರು ತಿಂಗಳು ಸಾದಾ ಸಜೆ, 2,000 ರೂಪಾಯಿವರೆಗೆ ದಂಡ ಇದೆ ನಿಜ. ಆದರೆ ಸಿವಿಲ್ ನಿಂದನೆಯಲ್ಲಿ, ದಂಡ ಸಾಲದು ಅನ್ನಿಸಿದಾಗ ಮಾತ್ರ ಸಿವಿಲ್ ಜೈಲು. ಮನಸಾರೆ ಕ್ಷಮೆ ಕೇಳಿದರೆ ಕೋರ್ಟ್ ಬಿಟ್ಟುಬಿಡಲೂಬಹುದು. ಆಗ ಮಳಿಗೆ? ನನ್ನ ಚಿಂತೆ ಅದರದ್ದೇ. ನಿಂದನೆ ಅರ್ಜಿ ಕೋರ್ಟಿನ ಮರ್ಯಾದೆಗಾಗಿ ಇರುವಂಥದ್ದು. ಬೀಗದ ಕೈ ನಿಮ್ಮ ಕೈಗೆ ಬರಬೇಕಾದರೆ ಕೆಳ ಕೋರ್ಟಿನಲ್ಲಿ ಅಮಲ್ಜಾರಿ ಅರ್ಜಿಯನ್ನೂ (ಗೆದ್ದ ತೀರ್ಪನ್ನು ಜಾರಿ ಮಾಡಿಸಿಕೊಡಿ ಎಂದು ಕೇಳುವ ಅರ್ಜಿ) ಈಗಲೇ ಹಾಕಿ. ಎರಡೂ ಒಟ್ಟಿಗೆ ನಡೆಯಬಹುದು.

ನಿಂದನೆ ಅರ್ಜಿಗೆ ಕಲಂ 20ರ ಪ್ರಕಾರ ಒಂದು ವರ್ಷದ ಗಡುವಿದೆ. ನಾಲ್ಕು ತಿಂಗಳು ಆಗಲೇ ಹೋಗಿದೆ. ಅಡ್ವೊಕೇಟ್ ಜನರಲ್ (ರಾಜ್ಯ ಸರ್ಕಾರದ ಮುಖ್ಯ ವಕೀಲರು) ಅವರ ಒಪ್ಪಿಗೆ ಬೇಕಿಲ್ಲ, ಅದು ಕೋರ್ಟಿನ ಮಾನ ಕಳೆಯುವಂಥ ಕ್ರಿಮಿನಲ್ ನಿಂದನೆಗೆ ಮಾತ್ರ.

ಇನ್ನು ಖಾತೆಗೆ ಬೀಳುತ್ತಿರುವ ಹಣ. ಸುಮ್ಮನೆ ತೆಗೆದುಕೊಳ್ಳುತ್ತಾ ಹೋದರೆ, ಮಾಲೀಕರೇ ಒಪ್ಪಿ ಮುಂದುವರಿಸಿದರು ಎಂದು ಅವರು ವಾದ ಮಾಡಬಹುದು. ಇದು ಬಾಡಿಗೆಯಲ್ಲ, ಗಡುವು ಮೀರಿ ಜಾಗ ಬಳಸಿದ್ದಕ್ಕೆ ಪರಿಹಾರ, ಹಕ್ಕು ಬಿಟ್ಟುಕೊಡದೆ ಪಡೆಯುತ್ತಿದ್ದೇವೆ ಎಂದು ಅದೇ ನೋಟಿಸಿನಲ್ಲಿ ಬರೆಸಿ.