ನಿದ್ದೆಗೆಟ್ಟರೆ ದನಿ ಬರುತ್ತದೆಯೇ?

ಪ್ರಿಯ ಓದುಗರೇ,

ಕಳೆದ ಸಂಚಿಕೆಯಲ್ಲಿ ಬಂದ, ಅಮೆರಿಕದ ಕಪ್ಪು ಜನರ ಸೋಲ್ (soul) ಸಂಗೀತದ ಲೇಖನ ಓದಿ ನೀವು ಬರೆದಿದ್ದೀರಿ: 'ಅಮೆರಿಕದ ದಕ್ಷಿಣದಲ್ಲಿ ಕಪ್ಪು ಗಾಯಕರು ಪಟ್ಟ ಪಾಡೇ ಅವರ ದನಿಗೆ ಆ ಆಳ ಕೊಟ್ಟಿತು. ಕಷ್ಟ ಇಲ್ಲದಿದ್ದರೆ ಆ ಸಂಗೀತವೂ ಇಲ್ಲ, ಅಲ್ವಾ?' ಪತ್ರ ಚೆನ್ನಾಗಿದೆ, ಕೈಬರಹ ಇನ್ನೂ ಚೆನ್ನಾಗಿದೆ. ಆದರೆ ಈ ಮಾತು ಕೇಳಿದರೆ ನನಗೆ ಮೈ ಉರಿಯುತ್ತದೆ.

ಒಪ್ಪಬೇಕಾದ್ದು ಸ್ವಲ್ಪ ಇದೆ. 1963ರ ಅಕ್ಟೋಬರಿನಲ್ಲಿ ಸೋಲ್ ಗಾಯಕ ಸ್ಯಾಮ್ ಕುಕ್ ದಕ್ಷಿಣದ ಲೂಸಿಯಾನ ರಾಜ್ಯದ ಶ್ರೀವ್‌ಪೋರ್ಟ್‌ನ ಹೋಟೆಲಿನಲ್ಲಿ ಫೋನ್ ಮಾಡಿಯೇ ರೂಮು ಹಿಡಿದಿದ್ದರು. ಕಪ್ಪು ಮುಖ ನೋಡಿದ್ದೇ ತಡ, ಹೋಟೆಲಿನವರು ರೂಮು ಇಲ್ಲ ಎಂದರು. ಗಲಾಟೆ ಮಾಡಿದ್ದಕ್ಕೆ ಪೊಲೀಸರು ಬಂಧಿಸಿದರು. ಕೆಲವೇ ತಿಂಗಳಲ್ಲಿ ಅವರ 'ಎ ಚೇಂಜ್ ಈಸ್ ಗಾನಾ ಕಮ್' (ಬದಲಾವಣೆ ಬಂದೇ ಬರುತ್ತದೆ) ಹಾಡು ರೆಕಾರ್ಡ್ ಆಯಿತು. ಸರಿ, ಒಂದು ಹಾಡು ನಿಮ್ಮ ಲೆಕ್ಕಕ್ಕೆ.

ಅದನ್ನು ಹಾಡಿದ ಗಂಟಲು ತಯಾರಾಗಿದ್ದೆಲ್ಲಿ? ಕುಕ್ ಪಾದ್ರಿಯ ಮಗ. ಚಿಕ್ಕಂದಿನಿಂದ ಚರ್ಚಿನಲ್ಲಿ ಹಾಡಿ, ಆಮೇಲೆ ಸೋಲ್ ಸ್ಟಿರರ್ಸ್ ಎಂಬ ಗಾಸ್ಪೆಲ್ (ಕ್ರೈಸ್ತ ಭಕ್ತಿಗೀತೆ) ತಂಡದಲ್ಲಿ ವರ್ಷಗಟ್ಟಲೆ ಪಳಗಿದವರು. ಇನ್ನೊಬ್ಬ ಸೋಲ್ ಗಾಯಕ, ಕಣ್ಣು ಕಾಣದ ರೇ ಚಾರ್ಲ್ಸ್ ಫ್ಲಾರಿಡಾದ ಕಿವುಡ, ಅಂಧ ಮಕ್ಕಳ ಶಾಲೆಯಲ್ಲಿ ಬ್ರೈಲ್ ಸ್ವರಲಿಪಿ ಕಲಿತರು. ಬೆರಳಲ್ಲಿ ಓದಬೇಕು, ನೆನಪಿಡಬೇಕು, ಆಮೇಲೆ ಅದೇ ಬೆರಳಲ್ಲಿ ನುಡಿಸಬೇಕು. ಸಾಧನೆ ಅಂದರೆ ಅದು ಸ್ವಾಮಿ!

ಇನ್ನು ದಕ್ಷಿಣದಲ್ಲಿ ಊರೂರು ಸುತ್ತಿ ಹಾಡುವ ಪ್ರವಾಸ ಈ ಗಾಯಕರಿಗೆ ಕೊಟ್ಟಿದ್ದೇನು? ಬಸ್ಸಿನಲ್ಲೇ ನಿದ್ದೆ, ಹೋಟೆಲಿನ ಹಿಂಬಾಗಿಲಲ್ಲಿ ಊಟದ ಪೊಟ್ಟಣ. ಕಪ್ಪು ಜನ ಎಲ್ಲಿ ತಂಗಬಹುದು ಎಂದು ತಿಳಿಸಲು ನ್ಯೂಯಾರ್ಕಿನ ಹಾರ್ಲೆಮ್‌ನ ಅಂಚೆಯವ ವಿಕ್ಟರ್ ಗ್ರೀನ್ 1936ರಿಂದ ಒಂದು ಕೈಪಿಡಿಯನ್ನೇ ತರಬೇಕಾಯಿತು. ಎಷ್ಟೋ ಕಡೆ ಸಭಾಂಗಣದ ಮಧ್ಯೆ ಹಗ್ಗ. ಆ ಕಡೆ ಬಿಳಿಯರು, ಈ ಕಡೆ ಕರಿಯರು. 1956ರಲ್ಲಿ ಅಲಬಾಮಾದ ಬರ್ಮಿಂಗ್‌ಹ್ಯಾಮ್‌ನಲ್ಲಿ ಕಪ್ಪು ಗಾಯಕ ನ್ಯಾಟ್ ಕಿಂಗ್ ಕೋಲ್ ಮೇಲೆ ವೇದಿಕೆಯಲ್ಲೇ ಹಲ್ಲೆ ನಡೆಯಿತು. 1961ರಲ್ಲಿ ಜಾರ್ಜಿಯಾದ ಆಗಸ್ಟಾದಲ್ಲಿ, ಬಿಳಿಯರಿಗೆ ನೃತ್ಯದ ಅಂಗಳ, ಕರಿಯರಿಗೆ ಬಾಲ್ಕನಿ ಎಂದು ಗೊತ್ತಾಗಿ ರೇ ಚಾರ್ಲ್ಸ್ ಹಾಡಲು ಒಪ್ಪಲಿಲ್ಲ. ಕರಾರು ಮುರಿದರೆಂದು ಕೋರ್ಟು 757 ಡಾಲರ್ ಕಕ್ಕಿಸಿತು. ಅದರಿಂದ ಯಾವ ಹಾಡು ಹುಟ್ಟಿತು, ಹೇಳಿ?

ನಮ್ಮ ಪತ್ರಿಕೆಗೆ ಬರುವ ಗಾಯಕರ ಸಂದರ್ಶನಗಳೂ ಹೀಗೇ. ಬಾಲ್ಯದ ಬಡತನಕ್ಕೆ ಎರಡು ಪುಟ, ರಿಯಾಜಿಗೆ ಎರಡು ಸಾಲು. ಟೀವಿಯವರಂತೂ ಕಣ್ಣೀರು ಬರಿಸದೆ ಬಿಡುವುದಿಲ್ಲ. ಬಡತನವನ್ನೇ ಗುರು ಅಂದುಬಿಟ್ಟರೆ ಸಂಭಾವನೆ ಕೊಡುವ ತಲೆನೋವು ತಪ್ಪುತ್ತದಲ್ಲ!

ಒಂದು ಕೆಲಸ ಮಾಡಿ. 1963ರ ಜನವರಿಯಲ್ಲಿ ಕುಕ್ ಮಯಾಮಿಯ ಹಾರ್ಲೆಮ್ ಸ್ಕ್ವೇರ್ ಕ್ಲಬ್ಬಿನಲ್ಲಿ ತಮ್ಮ ಜನರ ಎದುರು ಹಾಡಿದ್ದರ ಧ್ವನಿಮುದ್ರಣ ಇದೆ. ಜಾಸ್ತಿ ಒರಟಾಯಿತೆಂದು ಕಂಪನಿ ಅದನ್ನು ಒಳಗಿಟ್ಟು, 1985ರಲ್ಲಷ್ಟೇ ಹೊರಗೆ ತಂದಿತು. ಸುಮ್ನೆ ಕೂತು ಪೂರ್ತಿ ಕೇಳಿ. ಅದರಲ್ಲಿ ನೋವೆಷ್ಟು, ಖುಷಿಯೆಷ್ಟು ಎಂದು ಮುಂದಿನ ಪತ್ರದಲ್ಲಿ ಬರೆಯಿರಿ. ಅದನ್ನೂ ಅಚ್ಚು ಹಾಕುತ್ತೇನೆ.

– ಸಂಪಾದಕ