ಪಾಸ್‌ವರ್ಡ್ ಮರೆತ ಲ್ಯಾಬ್ ಫೈಲುಗಳು

ಪ್ರಶ್ನೆ: ಬಾಗಲಕೋಟೆಯ ಒಂದು ಡಿಪ್ಲೊಮಾ ಕಾಲೇಜಿಗೆ ಈ ವರ್ಷ ಸೇರಿದ್ದೇನೆ. ಹಿಂದಿದ್ದ ಸರ್ ನೆಟ್‌ವರ್ಕಿಂಗ್ ಲ್ಯಾಬಿನ ಪ್ಯಾಕೆಟ್ ಟ್ರೇಸರ್ (ಕಂಪ್ಯೂಟರಿನಲ್ಲೇ ನೆಟ್‌ವರ್ಕ್ ಕಟ್ಟಿ ಅಭ್ಯಾಸ ಮಾಡುವ ಸಾಫ್ಟ್‌ವೇರ್) ಫೈಲುಗಳಿಗೆಲ್ಲ ಪಾಸ್‌ವರ್ಡ್ ಹಾಕಿ ವರ್ಗವಾಗಿ ಹೋಗಿದ್ದಾರೆ. ಪ್ರಶ್ನೆ ತಿದ್ದಲು ಆಗುತ್ತಿಲ್ಲ. ಪಾಸ್‌ವರ್ಡ್ ಒಡೆಯುವ ಸಾಫ್ಟ್‌ವೇರ್ ಬಳಸಲೇ?
– ಒಬ್ಬ ಉಪನ್ಯಾಸಕಿ

ಉತ್ತರ: ಬೇಡ ಮೇಡಂ. ಎಲ್ಲಿಂದಲೋ ತಂದ ಸಾಫ್ಟ್‌ವೇರಿನ ಜೊತೆ ವೈರಸ್ ಬಂದರೆ ಇಡೀ ಲ್ಯಾಬ್ ಮಲಗುತ್ತದೆ. ಮೊದಲು ಆ ಸರ್‌ಗೆ ಫೋನ್ ಮಾಡಿ, ಹಳೆ ಡೈರಿಯಲ್ಲಿ ಬರೆದಿಟ್ಟಿರಬಹುದು.

ಇಲ್ಲಿ ಎರಡು ಬೀಗಗಳಿವೆ, ಬೆರೆಸಬೇಡಿ. ಒಂದು ಪಿಕೆಎ ಫೈಲಿನದು, ಅಂದರೆ ಪ್ರಶ್ನೆ, ಅಂಕ ಎಲ್ಲ ಸೇರಿಸಿಟ್ಟ ಅಭ್ಯಾಸದ ಫೈಲಿನದು. ಆ ಬೀಗ ಆಕ್ಟಿವಿಟಿ ವಿಜಾರ್ಡ್ (ಪ್ರಶ್ನೆ ತಿದ್ದುವ ಭಾಗ) ತೆರೆಯಲು ಮಾತ್ರ. ಮಕ್ಕಳು ಅಭ್ಯಾಸ ಮಾಡಲು ಅದು ಬೇಕಿಲ್ಲ, ಹಾಗಾಗಿ ನಾಳೆಯ ಲ್ಯಾಬ್ ನಿಲ್ಲುವುದಿಲ್ಲ. ಇನ್ನೊಂದು ಬೀಗ, ರೂಟರಿನ ಸೆಟ್ಟಿಂಗ್ ಬದಲಿಸಲು ಬೇಕಾದ ಎನೇಬಲ್ ಪಾಸ್‌ವರ್ಡ್. ಇದಕ್ಕೆ ಸರಿಯಾದ ದಾರಿಯೇ ಇದೆ. ರೂಟರ್ ಆಫ್ ಮಾಡಿ ಆನ್ ಮಾಡಿ, ಶುರುವಾಗುವಾಗ ಕಂಟ್ರೋಲ್-ಬ್ರೇಕ್ ಒತ್ತಿ. ಆಗ ಬರುವ ರಾಮ್‌ಮಾನ್ ಎಂಬ ರಿಪೇರಿ ಪರದೆಯಲ್ಲಿ ಕಾನ್‌ಫ್ರೆಗ್ ಸೊನ್ನೆ-ಎಕ್ಸ್-2142 (confreg 0x2142) ಕೊಟ್ಟು ರೀಸೆಟ್ ಮಾಡಿ. ಹಳೆ ಕಾನ್ಫಿಗರೇಶನ್ ಓದದೆ ರೂಟರ್ ಏಳುತ್ತದೆ. ಆಮೇಲೆ ಸ್ಟಾರ್ಟ್‌ಅಪ್ ಕಾನ್ಫಿಗನ್ನು (ಉಳಿಸಿಟ್ಟ ಹಳೆ ಸೆಟ್ಟಿಂಗ್) ರನ್ನಿಂಗ್‌ಗೆ (ಈಗ ನಡೆಯುತ್ತಿರುವುದಕ್ಕೆ) ಕಾಪಿ ಮಾಡಿ, ಹೊಸ ಪಾಸ್‌ವರ್ಡ್ ಹಾಕಿ, 2142 ಎಂದು ಬದಲಿಸಿದ್ದ ರಿಜಿಸ್ಟರನ್ನು ಮತ್ತೆ ಸೊನ್ನೆ-ಎಕ್ಸ್-2102ಕ್ಕೆ ತಂದು ಸೇವ್ ಮಾಡಿ. ಇಂಟರ್‌ಫೇಸ್‌ಗಳು (ಕೇಬಲ್ ಸೇರುವ ಪೋರ್ಟುಗಳು) ಮಾತ್ರ ಮುಚ್ಚಿರುತ್ತವೆ, ಸೇವ್ ಮಾಡುವ ಮುಂಚೆ ನೋ ಶಟ್‌ಡೌನ್ ಕೊಡಬೇಕು. ಇದನ್ನು ಮರೆತು ಪಿಂಗ್ (ಸಂಪರ್ಕ ಪರೀಕ್ಷೆ) ಹೋಗ್ತಿಲ್ಲ ಅಂತ ಮಕ್ಕಳು ಗಂಟೆಗಟ್ಟಲೆ ಪರದಾಡಿದ್ದನ್ನು ನೋಡಿದ್ದೇನೆ.

ಫೈಲಿನ ಬೀಗಕ್ಕೆ ಇಂಥ ದಾರಿ ಇಲ್ಲ. ವಿಜಯಪುರದ ನಮ್ಮ ಲ್ಯಾಬಿನಲ್ಲಿ ನಾನೇ ಹಾಕಿದ್ದ ಪಾಸ್‌ವರ್ಡ್ ಒಮ್ಮೆ ಮರೆತುಹೋಗಿತ್ತು. ಪ್ರಾಕ್ಟಿಕಲ್ ಪರೀಕ್ಷೆಗೆ ಎರಡೇ ದಿನ. ಊಹಿಸುತ್ತಾ ಒಂದು ಸಂಜೆ ಸುಮ್ನೆ ಕಳೆದೆ. ಮರುದಿನ ಫೈಲು ತೆರೆದು, ಸೂಚನೆಗಳನ್ನು ಓದಿ, ಕೇಬಲ್ ಯಾವ ಪೋರ್ಟಿನಿಂದ ಯಾವುದಕ್ಕೆ ಎಂದು ಹಾಳೆಯ ಮೇಲೆ ಬರೆದುಕೊಂಡೆ. ಚೆಕ್ ರಿಸಲ್ಟ್ಸ್ ಒತ್ತಿದಾಗ ಅಂಕ ಯಾವುದಕ್ಕೆ ಎಂಬ ಪಟ್ಟಿಯೂ ಕಾಣಿಸಿತು. ಅದನ್ನಿಟ್ಟುಕೊಂಡು ಹೊಸ ಫೈಲು ಕಟ್ಟಿದೆ. ಮಧ್ಯಾಹ್ನದ ಊಟದೊಳಗೆ ಮುಗಿಯಿತು, ಹಳೆಯದರಲ್ಲಿದ್ದ ಎರಡು ತಪ್ಪುಗಳೂ ಸಿಕ್ಕವು. ನೀವೂ ಹೀಗೇ ಮಾಡಿ, ದಿನಕ್ಕೊಂದು ಫೈಲು ಸಾಕು.

ಹೊಸದಕ್ಕೆ ಬೀಗ ಹಾಕುವ ಮುಂಚೆ, ಬೀಗವಿಲ್ಲದ ಒಂದು ಪ್ರತಿಯನ್ನು ಮಕ್ಕಳ ಕೈಗೆ ಸಿಗದ ಪೆನ್‌ಡ್ರೈವಿನಲ್ಲಿ ಇಡಿ. ಪಾಸ್‌ವರ್ಡ್ ಬರೆದು ಲಕೋಟೆ ಅಂಟಿಸಿ ಎಚ್‌ಒಡಿ ಅವರ ಬೀರುವಿಗೆ ಕೊಡಿ. ನಿಮಗೂ ವರ್ಗ ಆಗುತ್ತೆ ಅಲ್ವಾ, ಮುಂದೆ ಬರುವವರು ನಿಮ್ಮ ಹಾಗೆ ಒದ್ದಾಡಬಾರದು.